ಬೀರುವಿನ ಹಿಂದಿನ ಬಾಗಿಲು

ತುರ್ತು ಬಾಗಿಲಿನ ಹಿಡಿಕೆ ಅರ್ಧ ಮಾತ್ರ ಕಾಣುತ್ತಿದೆ, ಉಳಿದರ್ಧವನ್ನು ಕಬ್ಬಿಣದ ಬೀರು ನುಂಗಿದೆ, ಕೂರಿಸಿದ ದಿನದ ಪ್ಲಾಸ್ಟಿಕ್ ಹಾಳೆಯನ್ನೂ ಹಿಡಿಕೆಯಿಂದ ಯಾರೂ ಸುಲಿದಿಲ್ಲ, ಬೀರುವಿನ ತಲೆಯ ಮೇಲೆ ದಾರ ಕಟ್ಟಿದ ಕಡತಗಳು, ಅವುಗಳ ಮೇಲೆ ಮತ್ತಷ್ಟು ಕಡತಗಳು, ನ್ಯಾಯ ತಡವಾದಷ್ಟೂ ಎತ್ತರಕ್ಕೆ ಬೆಳೆಯುತ್ತದೇನೋ — ಅಗ್ನಿಶಾಮಕ ಅಧಿಕಾರಿಗೆ ನಗು ಬಂತು, ತುಟಿ ಕಚ್ಚಿಕೊಂಡಳು, ನ್ಯಾಯಾಂಗ ನಿಂದನೆಯ ಆರೋಪ ಹೊತ್ತವಳು ಕೋರ್ಟಿನಲ್ಲಿ ನಗಬಾರದೆಂದು ಯಾವ ಕಾಯಿದೆಯಲ್ಲೂ ಇರಲಿಕ್ಕಿಲ್ಲ, ಆದರೂ ನಗದಿರುವುದೇ ಕ್ಷೇಮ. ಬೆಳಿಗ್ಗೆ ಅಕ್ಕ ಫೋನಿನಲ್ಲಿ, ಜೈಲಿಗೆ ಹಾಕಿದ್ರೆ ಮನೆಯಿಂದ ಹಲ್ಲುಜ್ಜೋ ಬ್ರಷ್ಷು ತರೋಕೆ ಬಿಡ್ತಾರೇನೇ, ಕೇಳಿಟ್ಕೋ, ಎಂದಳು, ಅಳುತ್ತಿದ್ದಳೋ ರೇಗಿಸುತ್ತಿದ್ದಳೋ, ಅಕ್ಕನಿಗೆ ಎರಡೂ ಒಂದೇ ದನಿಯಲ್ಲಿ ಬರುತ್ತವೆ. ಸಾರ್ವಜನಿಕ ಕಟ್ಟಡಗಳ ತುರ್ತು ಬಾಗಿಲುಗಳಿಗೆ ಅಡ್ಡ ಇರುವುದನ್ನೆಲ್ಲ ತೆಗೆಸಬೇಕು ಎಂದು ಈ ಕೋರ್ಟೇ ಆದೇಶ ಮಾಡಿದ್ದು, ತೆಗೆಸಿದಳು — ಚಿತ್ರಮಂದಿರದಲ್ಲಿ ಮುರಿದ ಕುರ್ಚಿಗಳು, ಆಸ್ಪತ್ರೆಯಲ್ಲಿ ದೊಡ್ಡ ಡಾಕ್ಟರ ಸ್ಕೂಟರು, ನಂದೊಂದೇ ಕಣ್ಣಿಗೆ ಬಿತ್ತಾ ನಿಮಗೆ ಎಂದು ಡಾಕ್ಟರು ಮುನಿಸಿಕೊಂಡಿದ್ದರು — ಉಳಿದದ್ದು ಒಂದೇ ಕಟ್ಟಡ, ಒಂದು ಉಳಿದರೂ ಆದೇಶ ಪಾಲಿಸಿಲ್ಲವೆಂದೇ ಅರ್ಥ, ಎದುರು ವಕೀಲರು ಅದನ್ನೇ ರಾಗವಾಗಿ ಹೇಳುತ್ತಿದ್ದಾರೆ. ಇವಳ ವಕೀಲರು ಪಿಸುಗುಟ್ಟುತ್ತಾರೆ, ಮೇಡಂ, ಕೈಮುಗಿದು ಕ್ಷಮೆ ಕೇಳಿ, ಸಮಯ ಕೇಳಿ, ಯಾವ ಕಟ್ಟಡ ಅಂತ ಮಾತ್ರ ಬಾಯಿ ಬಿಡಬೇಡಿ, ಬಿಟ್ರೆ ನಿಮ್ಮ ಜೊತೆ ನಾನೂ ಒಳಗೆ. ಅಲ್ಲಿ ಕೂತು ಪೆನ್ನಿನ ಮುಚ್ಚಳ ಹುಡುಕುತ್ತಿರುವ ಹಿರಿಯ ಗುಮಾಸ್ತರನ್ನು ಅವಳೇ ಹಿಂದೊಮ್ಮೆ ಬಂದು ಕೇಳಿದ್ದಳು, ಸಾರ್, ಈ ಬೀರು ಸ್ವಲ್ಪ ಸರಿಸ್ತೀರಾ, ಅದಕ್ಕೇನಮ್ಮಾ, ನಂದೇನೂ ತಕರಾರಿಲ್ಲ, ಆದ್ರೆ ತುರ್ತು ಬಾಗಿಲಿನ ವಿಷಯ ಕೋರ್ಟಿನಲ್ಲಿದೆ, ಇತ್ಯರ್ಥ ಆಗೋ ತನಕ ಮುಟ್ಟೋ ಹಾಗಿಲ್ಲ, ಸರಿಸಿ ಅಂದಿರೋದೇ ಕೋರ್ಟಲ್ವಾ ಸಾರ್, ಹೌದಲ್ಲ, ಅದನ್ನೇ ತಾನೇ ನಾನೂ ಹೇಳ್ತಿರೋದು. ಎಷ್ಟು ನಿಷ್ಠೆಯಿಂದ ಹೇಳಿದರು, ಕುರ್ಚಿ ಎಳೆದು ಕೂರಿಸಿ ನೀರು ಬೇರೆ ಕೊಟ್ಟರು.

ಇಲ್ಲಿ ಬೆಂಕಿ ಬಿದ್ದರೆ ಹೊಗೆ ಮೊದಲು ಸೂರಿಗೆ ಏರುತ್ತದೆ, ಆಮೇಲೆ ಮೆಲ್ಲಗೆ ಇಳಿಯುತ್ತದೆ, ಹಿಂದಿನ ಬೆಂಚಿನಲ್ಲಿ ಕೂತಿರುವ ಆ ಊರುಗೋಲಿನ ಅಜ್ಜಿ ಎದ್ದು ನಿಲ್ಲುವಷ್ಟರಲ್ಲಿ ಎಲ್ಲರೂ ಮುಂಬಾಗಿಲಿಗೆ ನುಗ್ಗಿರುತ್ತಾರೆ, ಅದು ಒಳಕ್ಕೆ ತೆರೆಯುವ ಬಾಗಿಲು, ನೂಕಿದಷ್ಟೂ ಮುಚ್ಚಿಕೊಳ್ಳುತ್ತದೆ, ಮಗು ಎತ್ತಿಕೊಂಡವಳು ಎತ್ತ ಹೋಗುತ್ತಾಳೆ — ಹಿಡಿಕೆ, ಅರ್ಧ ಹಿಡಿಕೆ — ದಿನವೂ ಎದುರಿಗೇ ಇರುವುದು ಎಷ್ಟು ದಿನಕ್ಕೆ ಕಾಣದಂತಾಗುತ್ತದೆ, ಯಾರಾದರೂ ಲೆಕ್ಕ ಹಾಕಿದ್ದಾರೆಯೇ, ಹಿಂದೊಮ್ಮೆ ಹೊತ್ತಿ ಉರಿದ ಬಟ್ಟೆ ಅಂಗಡಿಯವನಿಗೂ ತನ್ನ ಹಿಂಬಾಗಿಲು ಕಂಡಿರಲಿಲ್ಲ, ಬೆಂಕಿ ಆರಿದ ಮೇಲೆ ಅದಕ್ಕೆ ಅಡ್ಡವಿದ್ದ ಸುಟ್ಟ ಬಟ್ಟೆಯ ಗಂಟುಗಳನ್ನು ಅವಳೇ ಎಳೆದು ಹಾಕಿದ್ದಳು, ಬೀಗ ಒಡೆಯಲು ಸುತ್ತಿಗೆ ತಂದಿದ್ದಳು, ಬೀಗವೇ ಇರಲಿಲ್ಲ, ಮುಟ್ಟಿದರೆ ಬಾಗಿಲು ತೆರೆದುಕೊಂಡಿತು, ಹೊರಗೆ ಬಿಸಿಲು, ಒಳಗೆ ಗೋಡೆಯ ತುಂಬ ಅಂಗೈ ಗುರುತು, ಹಿಡಿಕೆಯ ಮೇಲೆ ಒಂದೂ ಇಲ್ಲ.

ಬಾಕಿ ಇರೋದು ಯಾವ ಕಟ್ಟಡ, ಹೇಳಿ. ನ್ಯಾಯಾಧೀಶರು ಕೇಳಿದ್ದು ಇವಳನ್ನೇ. ಇವಳ ವಕೀಲರು ಅಂಗಿಯ ತೋಳು ಜಗ್ಗುತ್ತಿದ್ದಾರೆ, ಕ್ಷಮೆ, ಮೇಡಂ, ಕ್ಷಮೆ, ಒಂದು ಮಾತು ಸಾಕು, ಮನೆಗೆ ಹೋಗಬಹುದು, ಅಕ್ಕ ಕಾಯುತ್ತಿದ್ದಾಳೆ, ಕ್ಷಮಿಸಿ ಸ್ವಾಮಿ ಎಂದೇ ಬಾಯಿ ತೆರೆದಳು, ಬಂದದ್ದು ಬೇರೆ — ಒಂದ್ಸಲ ನಿಮ್ಮ ಬಲಗಡೆ ನೋಡಬೇಕು, ಸ್ವಾಮಿ. ತೋಳು ಜಗ್ಗುತ್ತಿದ್ದ ಕೈ ಸಡಿಲವಾಯಿತು. ನ್ಯಾಯಾಧೀಶರು ಕನ್ನಡಕ ಸರಿಮಾಡಿಕೊಂಡು ತಿರುಗುತ್ತಿದ್ದಾರೆ, ಗುಮಾಸ್ತರು ತಿರುಗುತ್ತಿದ್ದಾರೆ, ಅಜ್ಜಿಯೂ, ಅವರಿಗೆ ಮೊದಲು ಕಾಣುವುದು ಬೀರುವೋ ಬಾಗಿಲೋ, ಕಂಡ ಮೇಲೆ ಒಳಗೆ ಹೋಗುವುದು ತಾನೋ ಹೊರಗೆ ಹೋಗುವುದು ಬೀರುವೋ, ಏನಾದರೂ ಆಗಲಿ, ನೋಡಲಿ, ಅದೋ ಅಲ್ಲಿ, ಪ್ಲಾಸ್ಟಿಕ್ ಸುಲಿಯದ, ಯಾರ ಕೈಯೂ ತಾಗದ, ಅರ್ಧ ಹಿಡಿಕೆ —