ಹೆಣದ ಪಾತ್ರಕ್ಕೆ ಅಮ್ಮ

ಮನೆಯವರು ಅವಳಿಗಿಟ್ಟ ಅಡ್ಡಹೆಸರು ಮಸಣಿ. ಇಟ್ಟಿದ್ದರಲ್ಲಿ ತಪ್ಪೇನೂ ಇರಲಿಲ್ಲ. ಅವಳು ಮಾಡಿದ ಏಳು ಪ್ರಾಯೋಗಿಕ ಕಿರುಚಿತ್ರಗಳಲ್ಲೂ ಹೆಣವಿತ್ತು. ನೆಂಟರ ಎದುರು ಸಿನಿಮಾ ಸುದ್ದಿ ಎದ್ದರೆ ಚಿಕ್ಕಮ್ಮ ತಕ್ಷಣ ಮಾತು ತೇಲಿಸುತ್ತಿದ್ದಳು.

ಏಳನೆಯದನ್ನು ಚಿತ್ರೋತ್ಸವದವರು ಒಂದೇ ಸಾಲಿನಲ್ಲಿ ತಳ್ಳಿಹಾಕಿದ್ದರು: ಹೆಣ ಹೆಣದ ಹಾಗಿಲ್ಲ. ಆ ಸಾಲು ಅವಳನ್ನು ನಿಂತಲ್ಲಿ ನಿಲ್ಲಲು, ಕೂತಲ್ಲಿ ಕೂರಲು ಬಿಟ್ಟಿರಲಿಲ್ಲ. ಎಂಟನೆಯದರಲ್ಲಿ ಹೆಣ ಮಲಗಿಸಿದ ಮೇಜಿನ ಸುತ್ತಲೇ ಸಂಸಾರವೊಂದು ಊಟಕ್ಕೆ ಕೂರಬೇಕು. ಈ ಸಲವೂ ಸುಳ್ಳೆನಿಸಿದರೆ ಸಿನಿಮಾ ಬಿಟ್ಟುಬಿಡುವುದೇ ಸರಿ ಎಂದುಕೊಂಡಿದ್ದಳು. ಅಷ್ಟರಲ್ಲಿ, ಹೆಣವಾಗಲು ಒಪ್ಪಿದ್ದ ನಟಿ ಅಪಶಕುನವೆಂದು ಹೇಳಿ ಕೈಕೊಟ್ಟಳು.

ತಾನೇ ಮಲಗುತ್ತೇನೆ ಎಂದಳು ಅಮ್ಮ. ಇಷ್ಟು ವರ್ಷ ಮಗಳ ಸಿನಿಮಾ ಎಂದರೆ ಮೂಗು ಮುರಿಯುತ್ತಿದ್ದವಳು ಈಗೇಕೆ ಮುಂದೆ ಬಂದಳೆಂದು ಮಸಣಿ ಯೋಚಿಸಲಿಲ್ಲ. ಹೆಣ ಸಿಕ್ಕಿತಲ್ಲ, ಅಷ್ಟು ಸಾಕಿತ್ತು.

ಚಿತ್ರೀಕರಣದ ದಿನ ಇಳಿಹೊತ್ತಿನಲ್ಲಿ ಅಮ್ಮನನ್ನು ಮನೆಯ ಊಟದ ಮೇಜಿನ ಮೇಲೆಯೇ ಮಲಗಿಸಿದರು. ಎದುರಿಗೆ ಯಾರಿದ್ದರೂ ಮಸಣಿ ನೋಡುತ್ತಿದ್ದುದು ಮಾನಿಟರ್ ಮಾತ್ರ. ಕಣ್ಣು ಮೋಸ ಹೋಗುತ್ತದೆ, ತೆರೆ ಹೋಗುವುದಿಲ್ಲ ಎಂಬುದು ಅವಳ ವಾದ. ತೆರೆಯಲ್ಲಿ ಪಾದಗಳು ಬಂದವು. ಊದಿಕೊಂಡು ಬಿಗಿದ ಚರ್ಮ, ನೀಲಿಗಟ್ಟಿದ ಉಗುರು. ಮಸಣಿ ಕೂತಲ್ಲೇ ಕುಣಿದಾಡಿದಳು. ಯಾರನ್ನೂ ಹೊಗಳದವಳು ಮೇಕಪ್ಪಿನವಳನ್ನು ಬಾಯ್ತುಂಬ ಹೊಗಳಿದಳು.

ಬ್ರಷ್ ಹಿಡಿದಿದ್ದ ಮೇಕಪ್ಪಿನವಳು ತಬ್ಬಿಬ್ಬಾದಳು. "ಅಕ್ಕಾ, ಇನ್ನೂ ಮುಖಾನೇ ಮುಗಿದಿಲ್ಲ. ಕಾಲು ಮುಟ್ಟೇ ಇಲ್ಲ."

ಮಸಣಿ ಮಾನಿಟರ್ ಬಿಟ್ಟು ಎದ್ದಳು. ಯಾವಾಗಿನಿಂದ ಹೀಗೆ ಎಂದು ಕೇಳಿದಳು. ಅಮ್ಮ ಕಣ್ಣು ತೆರೆಯಲಿಲ್ಲ.

"ಮೂರು ತಿಂಗಳಾಯ್ತು. ಹೃದಯ ಸೋತಿದೆ ಅಂದ್ರು ಡಾಕ್ಟರು. ಹೇಳೋಣ ಅಂತ ಕೂತಾಗೆಲ್ಲ ನೀನು ಎದ್ದು ಹೋಗ್ತಿದ್ದೆ. ಹೀಗೆ ಮಲಗಿದ್ರೆ ನೋಡ್ತೀಯ ಅನ್ನಿಸ್ತು."

ಬೆಳಕು ಹೋಗುತ್ತಿದೆ, ಶಾಟ್ ತೆಗೆಯಲೇ ಎಂದು ಕ್ಯಾಮೆರಾದವನು ಮೆಲ್ಲಗೆ ಕೇಳಿದ. ತೆಗಿ ಎನ್ನುವ ಮಾತು ಅವಳ ನಾಲಿಗೆಯ ತುದಿಗೆ ಬಂದೇಬಿಟ್ಟಿತು. ಬಂದದ್ದಕ್ಕೆ ತನ್ನ ಮೇಲೆ ತನಗೇ ಹೇಸಿಗೆಯಾಯಿತು. ಹೋಗಿ ಪಾದವನ್ನು ಹೆಬ್ಬೆರಳಿನಿಂದ ಒತ್ತಿದಳು. ಬೆರಳು ತೆಗೆದ ಮೇಲೂ ಬಿದ್ದ ಗುಳಿ ತುಂಬಲಿಲ್ಲ.

"ನೋವೇನಿಲ್ಲ," ಎಂದಳು ಅಮ್ಮ. "ಉಗುರು ಬೆಳೆದಿದೆ, ಕತ್ತರಿಸಿಬಿಡು. ನನಗೆ ಬಗ್ಗೋಕಾಗ್ತಿಲ್ಲ."

ಕ್ಯಾಮೆರಾ ಮುಚ್ಚಿಡಲು ಹೇಳಿ ಮಸಣಿ ಒಳಗೆ ಓಡಿದಳು. ಒಂದೊಂದೇ ಡ್ರಾಯರ್ ಎಳೆದು ತಡಕಾಡಿದಳು. ಹುಟ್ಟಿ ಬೆಳೆದ ಮನೆಯಲ್ಲಿ ಅಮ್ಮ ನೇಲ್ ಕಟರ್ ಎಲ್ಲಿಡುತ್ತಾಳೆಂದು ಅವಳಿಗೆ ಗೊತ್ತಿರಲಿಲ್ಲ.