ಅಜ್ಜಿ ಹೂಂ ಅನ್ನದ ಎರಡು ಸಾಲು

ನಾನು ಹೂಂ ಅನ್ನದಿದ್ದರೆ ಅಜ್ಜಿಯ ಕಥೆ ಮುಂದೆ ಹೋಗುತ್ತಿರಲಿಲ್ಲ. ರಾಜಕುಮಾರ ಹೊಳೆಗೆ ಒಂದು ಕಾಲಿಟ್ಟು ಹಾಗೇ ನಿಂತುಬಿಡುತ್ತಿದ್ದ. "ಹೂಂ ಅನ್ನೇ ಬೆಪ್ಪು, ಅವನ ಕಾಲು ಜೋಮು ಹಿಡೀತಿದೆ" ಎನ್ನುತ್ತಿದ್ದಳು. ನಾನೋ ಆಗಿನಿಂದಲೂ ಕಿಟಕಿಯಾಚೆ ನೋಡುತ್ತ ಕೂರುವವಳು. ನನ್ನ ದೆಸೆಯಿಂದ ಎಷ್ಟು ರಾಜಕುಮಾರರು ನೀರಲ್ಲಿ ನಿಂತು ನೆಗಡಿ ಹಿಡಿಸಿಕೊಂಡರೋ.

ಆ ಅಜ್ಜಿಯ ಮಾತು ನಿಂತು ಹನ್ನೊಂದು ತಿಂಗಳಾಗಿತ್ತು. ಒಂದು ಬೆಳಿಗ್ಗೆ ತಲೆ ಬಾಚಿಕೊಳ್ಳುತ್ತಿದ್ದವಳ ಬಲಗೈಯಿಂದ ಬಾಚಣಿಗೆ ಬಿತ್ತು, ಅದರ ಜೊತೆಗೇ ಮಾತೂ ಬಿತ್ತು. ಅವರಿಗೆ ಎಲ್ಲಾ ಕೇಳಿಸುತ್ತೆ, ಎಲ್ಲಾ ತಿಳಿಯುತ್ತೆ ಎಂದರು ಡಾಕ್ಟರು. ಮಾತು ಯಾವಾಗ ಬರುತ್ತದೆ ಎಂದು ಅಮ್ಮ ಕೇಳಿದ್ದಕ್ಕೆ ಅವರು ಬೇರೇನನ್ನೋ ಹೇಳಿದರು.

ನಾನು ಕೆಲಸ ಮಾಡುವುದು ಪುಸ್ತಕ ಹೊಲಿಯುವ ಒಂದು ಅಂಗಡಿಯ ಮೇಲಿನ ಎರಡು ಕೋಣೆಗಳಲ್ಲಿ. ಅಲ್ಲಿ ಹೀಬ್ರೂ ಶಾಸ್ತ್ರಗ್ರಂಥದ ಹೊಸ ಕನ್ನಡ ಅನುವಾದ ನಡೆಯುತ್ತಿದೆ. ಹೀಬ್ರೂ ಬಲ್ಲ ಮೇಷ್ಟ್ರು ಒಬ್ಬರು, ಗ್ರೀಕ್ ಬಲ್ಲ ಮೇಡಂ ಒಬ್ಬರು, ಟೈಪ್ ಮಾಡಲು ನಾನು. ಕೆಳಗಿನಿಂದ ಅಂಟಿನ ವಾಸನೆ ಬರುತ್ತದೆ, ಮೇಲೆ ಇವರಿಬ್ಬರ ಜಗಳ. ಗ್ರೀಕರು ಇದನ್ನು ಅನುವಾದಿಸಿ ಎರಡು ಸಾವಿರ ವರ್ಷದ ಮೇಲಾಯಿತು, ಅವರಿಗೆ ತಿಳಿಯದ್ದು ನಿಮಗೆ ತಿಳಿಯಿತೇ ಎಂದು ಮೇಡಂ ಕೆಣಕುತ್ತಾರೆ. ಮೊಮ್ಮಗನನ್ನು ಕೇಳಿ ಅಜ್ಜನ ಬಾಲ್ಯ ಬರೆಯುವುದಿಲ್ಲ ಎಂದು ಮೇಷ್ಟ್ರು ಪೆನ್ಸಿಲ್ ಚೂಪು ಮಾಡುತ್ತಾರೆ.

ನಮ್ಮ ಹಾಳೆಯಲ್ಲಿ ನಾಲ್ಕು ಅಂಕಣ. ಹೀಬ್ರೂ ಪದ, ಅದಕ್ಕೆ ಗ್ರೀಕರು ಹಾಕಿದ ಪದ, ನಮ್ಮ ಸಾಲು, ಕೊನೆಯದು ಕೇಳಿದವರು ಮರಳಿ ಹೇಳಿದ್ದು. ಓದು ಬರಹ ಬಾರದ ಒಬ್ಬರಿಗೆ ನಮ್ಮ ಸಾಲುಗಳನ್ನು ಒಮ್ಮೆ ಓದಬೇಕು. ಮರುದಿನ ಅವರು ತಮ್ಮ ಮಾತಲ್ಲಿ ಹೇಳಿದ್ದನ್ನು ಒಂದಕ್ಷರ ತಿದ್ದದೆ ಬರೆಯಬೇಕು. ಅವರ ಬಾಯಲ್ಲಿ ನಿಲ್ಲದ ಸಾಲು ಮತ್ತೆ ಮೇಜಿಗೆ ಬರಬೇಕು. ಅಚ್ಚಿಗೆ ಹೋಗುವ ಮುನ್ನ, ಮೊದಲು ಕೇಳಿದವರೇ ಇನ್ನೊಮ್ಮೆ ಕೇಳಬೇಕು. ಇದು ಮೇಷ್ಟ್ರ ಪದ್ಧತಿ, ಇದಕ್ಕೆ ಮೇಡಂ ಕೂಡ ತಕರಾರು ಮಾಡುವುದಿಲ್ಲ.

ನಾಲ್ಕು ವರ್ಷದ ಹಿಂದೆ ಸೃಷ್ಟಿಯ ಅಧ್ಯಾಯವನ್ನು ಕೇಳಿದವಳು ನಮ್ಮಜ್ಜಿ. ಆದಿಯಲ್ಲಿ ದೇವರ ಉಸಿರು ನೀರಿನ ಮೇಲೆ ಚಲಿಸುತ್ತಿತ್ತು ಎಂದು ಬರೆದಿದ್ದರು ಮೇಷ್ಟ್ರು. ಮರುದಿನ ಅಜ್ಜಿ ಹೇಳಿದ್ದೇ ಬೇರೆ. "ಕತ್ತಲು, ಬರೀ ನೀರು. ಅದರ ಮೇಲೆ ಅವನ ಉಸಿರು. ತಾಯಿಹಕ್ಕಿ ಮರಿಗಳ ಮೇಲೆ ರೆಕ್ಕೆ ಬಿಚ್ಚಿ ಹಿಡಿಯುತ್ತಲ್ಲ, ಕೂರೋದೂ ಇಲ್ಲ, ಹೋಗೋದೂ ಇಲ್ಲ, ಹಾಗೆ ಅದುರುತಾ ಇತ್ತು." ಹೇಳುತ್ತ ಬಲ ಅಂಗೈಯನ್ನು ನನ್ನ ನೆತ್ತಿಯ ಮೇಲೆ, ಮುಟ್ಟದೆ, ಗೇಣೆತ್ತರದಲ್ಲಿ ಹಿಡಿದಿದ್ದಳು.

ಅದನ್ನು ಓದಿ ಮೇಷ್ಟ್ರು ಎದ್ದು ಕಿಟಕಿ ತೆರೆದರು. ಹೀಬ್ರೂವಿನಲ್ಲಿ ಅಲ್ಲಿರುವ ಪದ ಮೆರಹೆಫೆತ್. ಗ್ರಂಥದ ಇನ್ನೊಂದು ಕಡೆ ಹದ್ದು ತನ್ನ ಮರಿಗಳ ಮೇಲೆ ರೆಕ್ಕೆ ಬಡಿಯುವುದಕ್ಕೂ ಅದೇ ಕ್ರಿಯಾಪದವಂತೆ. ತನಗದು ಗೊತ್ತಿದ್ದೂ ಹಕ್ಕಿಯನ್ನು ತರಲು ಧೈರ್ಯವಾಗಿರಲಿಲ್ಲ, ಹೀಬ್ರೂವಿನ ಗಂಧಗಾಳಿಯಿಲ್ಲದ ಮುದುಕಿ ತಂದುಬಿಟ್ಟರಲ್ಲ ಎಂದರು. ಗ್ರೀಕರು 'ಮೇಲೆ ಸಾಗುತ್ತಿತ್ತು' ಎಂದಷ್ಟೇ ಹಾಕಿದ್ದಾರೆ, ಅಲ್ಲಿ ಹಕ್ಕಿಯೂ ಇಲ್ಲ ಪುಕ್ಕವೂ ಇಲ್ಲ ಎಂದರು ಮೇಡಂ. ಆದರೂ 'ರೆಕ್ಕೆ ಬಿಚ್ಚಿ ಅದುರುತ್ತಿತ್ತು' ಎಂದು ನಮ್ಮ ಸಾಲು ಬದಲಾಯಿತು.

ಕಳೆದ ತಿಂಗಳು ಪರಿಶೀಲಿಸುವ ಹಿರಿಯರಿಂದ ಅಧ್ಯಾಯ ವಾಪಸು ಬಂತು. ಹಕ್ಕಿಯನ್ನು ಹೊಡೆದುಹಾಕಿ, 'ಚಲಿಸುತ್ತಿತ್ತು' ಎಂದು ತಿರುಗಿ ಬರೆದಿದ್ದರು. 'ದೇವರನ್ನು ಕೋಳಿ ಮಾಡಬೇಡಿ' ಎಂದು ಅಂಚಿನಲ್ಲಿ ಒಂದು ಮಾತು. ಮೇಡಂ ನಕ್ಕರು, ನನ್ನ ಮುಖ ನೋಡಿ ನಿಲ್ಲಿಸಿದರು. ತನಗೆ ಇಷ್ಟವೆಂದು ಜಗಳವಾಡುವಂತಿಲ್ಲ ಎಂದರು ಮೇಷ್ಟ್ರು. ಕೇಳುವವರು ಎಡವಿದರೆ ಮಾತ್ರ ಸಾಲು ಬದಲಿಸುವ ಹಕ್ಕು ತನಗಿದೆ; ಮಾತು ನಿಂತಿದ್ದರೂ ಮೊದಲು ಕೇಳಿದವರು ಅವರೇ, ಶುಕ್ರವಾರದೊಳಗೆ ಅಜ್ಜಿಗೆ ಓದಿ ಬಾ ಎಂದರು.

ಅಜ್ಜಿಯ ದನಿಯನ್ನು ನಾವ್ಯಾರೂ ಹಿಡಿದಿಟ್ಟಿರಲಿಲ್ಲ. ಬಾವಿ ಬತ್ತುತ್ತದೆಂದು ಯಾರು ಕೊಡ ತುಂಬಿಸಿಟ್ಟುಕೊಳ್ಳುತ್ತಾರೆ? ಅವಳ ಬಾಯಿಂದ ಬಂದ ಮಾತು ಕಾಣದ ಯಾರದೋ ಬಾಯಿಗೆ ಹೋಗುವುದಿದ್ದರೆ ಆ ಒಂದು ಸಾಲಿನಲ್ಲಿ. ಅದೂ ಅಳಿಸಿಹೋಗುತ್ತದೆ ಎನ್ನುವ ಚಿಂತೆಗಿಂತ, ಮರಳಿ ಹೇಳಬೇಕೆಂಬ ಹಟಕ್ಕಾದರೂ ಅವಳು ಬಾಯಿ ತೆರೆಯಬಹುದು ಎಂಬ ಆಸೆಯೇ ನನ್ನನ್ನು ಹೆಚ್ಚು ಕಾಡಿತು.

ಸೋಮವಾರ ಓದಿದೆ. ಮಂಗಳವಾರ ಬೆಳಿಗ್ಗೆ ಪೆನ್ನು ಹಿಡಿದು ಎದುರು ಕೂತೆ. ಅಜ್ಜಿ ಬಾಯಿ ತೆರೆದಳು. ಒಂದು 'ಅ' ಬಂತು, ಅದರ ಹಿಂದೆ ಏನೂ ಬರಲಿಲ್ಲ. ತುಟಿ ದಣಿದು, ಅವಳು ಗೋಡೆಯ ಕಡೆ ತಿರುಗಿದಳು.

ಆಫೀಸಿನ ಮೆಟ್ಟಿಲ ಮೇಲೆ ಕೂತು ನಾಲ್ಕನೇ ಅಂಕಣವನ್ನು ನಾನೇ ತುಂಬಿದೆ. ಅಜ್ಜಿಯ ಮಾತಿನ ವರಸೆ, ಅಜ್ಜಿಯ ಹಕ್ಕಿ, ಮೊದಲ ದಿನದಿಂದ ಏಳನೆಯ ದಿನದವರೆಗೆ. ನೀರು ಕುಡಿದಷ್ಟು ಸಲೀಸಾಗಿ ಬಂತು. ತಿರುಗಿ ಓದಿಕೊಳ್ಳದೆ ಹಾಳೆಯನ್ನು ಮೇಷ್ಟ್ರ ಮೇಜಿನ ಮೇಲಿಟ್ಟೆ.

ಮೇಷ್ಟ್ರು ಕನ್ನಡಕವನ್ನು ಹಣೆಗೇರಿಸಿ ಓದಿದರು. ಮೂರನೆಯ ದಿನಕ್ಕೆ ಬಂದು ನಿಂತರು. "ನಿಮ್ಮಜ್ಜಿ ಯಾವತ್ತಾದರೂ ಸೂರ್ಯನಿಗಿಂತ ಮುಂಚೆ ಹುಲ್ಲು ಬೆಳೆಸಿದ್ದಾರೇನಮ್ಮ?"

ನನಗೆ ನಾಚಿಕೆಯಿಂದ ಕಿವಿ ಬಿಸಿಯಾಯಿತು. ಮೂಲದಲ್ಲಿ ಹುಲ್ಲು ಮೂರನೆಯ ದಿನ, ಸೂರ್ಯ ನಾಲ್ಕನೆಯ ದಿನ. ಅಜ್ಜಿ ಅದನ್ನು ಒಂದು ದಿನವೂ ಒಪ್ಪಿದವಳಲ್ಲ. ಬಿಸಿಲಿಲ್ಲದೆ ಯಾವ ಹುಲ್ಲು ತಲೆ ಎತ್ತುತ್ತದೆ, ಬರೆದವನು ಗಿಡ ನೆಟ್ಟವನಲ್ಲ ಎಂದು, ನಾಲ್ಕು ವರ್ಷದ ಹಿಂದಿನ ಹಾಳೆಯಲ್ಲೂ, ಆಮೇಲೆ ಮನೆಯಲ್ಲಿ ಹೇಳಿದ ಪ್ರತಿ ಸಲವೂ, ಸೂರ್ಯನನ್ನು ಮುಂದಕ್ಕೆ ಎಳೆದು ತರುತ್ತಿದ್ದಳು. ಅವಳ ತಪ್ಪನ್ನು ಮಾಡಲು ನಾನು ಮರೆತಿದ್ದೆ.

ಮೇಷ್ಟ್ರು ಬೈಯಲಿಲ್ಲ. ಹಾಳೆಯನ್ನು ಮಡಿಸಿ ನನ್ನ ಕೈಯಲ್ಲಿಟ್ಟು, ಇನ್ನೂ ಎರಡು ದಿನವಿದೆ, ಕೇಳಿಸಿದ್ದನ್ನಷ್ಟೇ ಬರಿ ಎಂದರು. ಮೇಡಂ ತಲೆ ಎತ್ತದೆ, ಮಧ್ಯಾಹ್ನ ಬೇಗ ಹೊರಡು ಎಂದರು.

ಅಜ್ಜಿಯ ಕೋಣೆಯಲ್ಲಿ ಬಿಸಿಲು ಮಂಚದ ಕಾಲಿನವರೆಗೆ ಬಂದಿತ್ತು. ಗೂಡಿನಲ್ಲಿ ಬಾಚಣಿಗೆ, ನೀರಿನ ಚೊಂಬು, ಮಡಿಸಿದ ಎರಡು ಸೀರೆ. ಆದಿಯಲ್ಲಿ ಭೂಮಿ ಹೇಗಿತ್ತೆಂಬುದಕ್ಕೆ ಹೀಬ್ರೂವಿನಲ್ಲಿ ತೋಹು ವಾ ಬೋಹು, ಬರಿದು, ಬಟ್ಟಬಯಲು. ಗ್ರೀಕರು ಅಲ್ಲಿ ಕಣ್ಣಿಗೆ ಕಾಣದ್ದು, ಇನ್ನೂ ಅಣಿಮಾಡದ್ದು ಎಂದು ಬರೆದಿದ್ದಾರೆಂದು ಮೇಡಂ ಒಮ್ಮೆ ಹೇಳಿದ್ದರು. ಆ ಕೋಣೆಯಲ್ಲಿ ಎಲ್ಲವೂ ಜಾಗದಲ್ಲೇ ಇತ್ತು. ಆದರೂ ಹನ್ನೊಂದು ತಿಂಗಳಿಂದ ನನಗದು ಯಾರೋ ಇನ್ನೂ ಅಣಿಮಾಡಬೇಕಾದ ಕೋಣೆಯ ಹಾಗೇ ಕಾಣುತ್ತಿತ್ತು.

"ನೀನು ಹೇಳೋದು ಬೇಡ ಅಜ್ಜಿ. ನಾನು ಹೇಳ್ತೀನಿ, ನೀನು ಕೇಳು" ಎಂದೆ.

ಮೊದಲ ಸಾಲು ಓದಿ ಉಸಿರೆಳೆದುಕೊಂಡೆ.

"ಹೂಂ" ಎಂದಳು ಅಜ್ಜಿ.

ಮೂಗಿನಿಂದ ಬಂದ ಸಣ್ಣ ದನಿ. ತುಟಿ ಅಲ್ಲಾಡಬೇಕಾಗಿರಲಿಲ್ಲ. ಹನ್ನೊಂದು ತಿಂಗಳು ಅವಳಿಗೆ ಗಂಜಿ ಬೇಕಾ, ನೀರು ಬೇಕಾ ಎಂದು ಕೇಳಿದ್ದೆವೇ ಹೊರತು ಒಬ್ಬರೂ ಒಂದು ಕಥೆ ಹೇಳಿರಲಿಲ್ಲ. ಸೋಮವಾರ ನಾನು ಓದಿದ್ದೂ ಆಫೀಸಿನ ಕಾಗದವನ್ನು ಓದಿದ ಹಾಗೆ, ಎಲ್ಲೂ ನಿಲ್ಲಿಸದೆ.

ಎರಡನೆಯದು ಓದಿದೆ. ದೇವರ ಉಸಿರು ನೀರಿನ ಮೇಲೆ ಚಲಿಸುತ್ತಿತ್ತು. ಕಾದೆ. ಹೂಂ ಬರಲಿಲ್ಲ. ಇನ್ನೊಮ್ಮೆ ಓದಿದೆ. ಅಜ್ಜಿ ನನ್ನನ್ನೇ ನೋಡುತ್ತಿದ್ದಳು. ಹೊದಿಕೆಯೊಳಗಿಂದ ಎಡಗೈ ಹೊರಬಂತು. ಮಂಚದಂಚಿನಲ್ಲಿದ್ದ ನನ್ನ ತಲೆಯ ಮೇಲೆ, ಮುಟ್ಟದೆ, ಗೇಣೆತ್ತರದಲ್ಲಿ ನಿಂತಿತು. ಬೆರಳು ಬಿಚ್ಚಿತ್ತು. ಅದುರುತ್ತಿತ್ತು.

ಆ ಕೈ ಇಳಿಯುವವರೆಗೆ ನಾನು ಮುಂದೆ ಓದಲಿಲ್ಲ.

ಮರುದಿನ ಆಫೀಸಿಗೆ ಒಯ್ದ ಹಾಳೆಯ ನಾಲ್ಕನೇ ಅಂಕಣದ ತುಂಬ ಹೂಂ, ಹೂಂ, ಹೂಂ. ಮೇಷ್ಟ್ರು ಬೆರಳಿಟ್ಟುಕೊಂಡು ಕೆಳಗಿಳಿದರು. ಇದು ಒಪ್ಪಿಗೆಯೋ ನಿದ್ದೆಯ ಗೊರಕೆಯೋ ಹೇಗೆ ತಿಳಿಯಬೇಕು ಎಂದು ಮೇಡಂ ಮೆಲ್ಲನೆ ಕೇಳಿದರು. ಅದು ಕೇಳಲೇಬೇಕಾದ ಪ್ರಶ್ನೆ. ಆಗ ಮೇಷ್ಟ್ರ ಬೆರಳು ಹುಲ್ಲಿನ ಸಾಲಿನ ಎದುರು ನಿಂತಿತು. ಅಲ್ಲಿ ಖಾಲಿ. ಕೆಳಗೆ ಸೂರ್ಯ ಹುಟ್ಟಿದ ಮೇಲೆ ಮತ್ತೆ ಹೂಂ.

ಮೇಡಂ ಬಗ್ಗಿ ನೋಡಿದರು. "ಈ ಅಜ್ಜಿ ನಿದ್ದೆ ಮಾಡಿಲ್ಲ ಸಾರ್" ಎಂದರು.

ಹುಲ್ಲಿನ ವಿಷಯದಲ್ಲಿ ತನ್ನಿಂದೇನೂ ಮಾಡಲಾಗುವುದಿಲ್ಲ, ಮೂಲದಲ್ಲೇ ಹಾಗಿದೆ, ಅಜ್ಜಿಯ ಕ್ಷಮೆ ಕೇಳಿದೆನೆಂದು ಹೇಳು ಎಂದರು ಮೇಷ್ಟ್ರು. ಆಮೇಲೆ ಮೇಲೆ ಉಸಿರಿನ ಸಾಲಿನ ಎದುರಿದ್ದ ಖಾಲಿ ಜಾಗ ತೋರಿಸಿ, ಇಲ್ಲಿ ಏನೂ ಕೇಳಿಸಲಿಲ್ಲವೇ ಎಂದರು. ಕೇಳಿಸಲಿಲ್ಲ ಎಂದೆ. ಕೈಯನ್ನು ಮೇಜಿನ ಮೇಲೆ ಗೇಣೆತ್ತರಕ್ಕೆ ಹಿಡಿದು ತೋರಿಸಿದೆ. ಅವಳ ಕೈ ನಿಶ್ಶಕ್ತಿಯಿಂದ ಅದುರಿತೋ ಏನೋ ನನಗೆ ಗೊತ್ತಿಲ್ಲ ಎಂದೂ ಹೇಳಿದೆ. ಈ ಸಲ ಸುಳ್ಳು ಬೇಡವಾಗಿತ್ತು.

ಅವರು ನನ್ನ ಕೈಯನ್ನೇ ನೋಡಿದರು. ಆಮೇಲೆ 'ಚಲಿಸುತ್ತಿತ್ತು' ಎಂಬುದರ ಮೇಲೆ ಗೆರೆ ಎಳೆದು, ಹಕ್ಕಿಯ ರೆಕ್ಕೆಯನ್ನು ತಿರುಗಿ ಬರೆದು, ಅಂಚಿನಲ್ಲಿ 'ಕೇಳಿದವರು ಇಲ್ಲಿ ಎಡವಿದರು' ಎಂದು ಬರೆದು ಸಹಿ ಹಾಕಿದರು.

ಮನೆಗೆ ಬಂದು ಅಜ್ಜಿಗೆ ಎಲ್ಲಾ ಹೇಳಿದೆ. ಹೂಂ ಎಂದಳು. ಕ್ಷಮೆಯ ವಿಷಯಕ್ಕೆ ಮಾತ್ರ ಸುಮ್ಮನಿದ್ದಳು. ಆಮೇಲೆ, ಬಿಸಿಲು ಇನ್ನೂ ಇತ್ತು, ರಾಜಕುಮಾರನ ಕಥೆ ಶುರು ಮಾಡಿದೆ. ಅವನು ಮನೆ ಬಿಟ್ಟ, ಹೂಂ. ಕಾಡು ದಾಟಿದ, ಹೂಂ. ಹೊಳೆಗೆ ಒಂದು ಕಾಲಿಟ್ಟ.

"ಹೂಂ."

ಅಲ್ಲಿಂದ ಮುಂದೆ ನನಗೆ ಗೊತ್ತಿರಲಿಲ್ಲ. ಪ್ರತಿ ಸಲ ಕಿಟಕಿಯಾಚೆ ನೋಡುತ್ತಲೇ ನಾನು ಅಲ್ಲಿ ನಿದ್ದೆ ಹೋಗುತ್ತಿದ್ದೆ. ಆಚೆ ದಡದಲ್ಲಿ ಏನಿತ್ತು ಅಜ್ಜಿ ಎಂದು ಕೇಳಿದೆ. ಅವಳ ತುಟಿ ಒಂದಿಷ್ಟು ತೆರೆಯಿತು, ಮುಚ್ಚಿತು. ಕಣ್ಣು ನನ್ನ ಬಾಯಿಯ ಮೇಲೇ ಇತ್ತು.

"ಹೂಂ" ಎಂದಳು ಮತ್ತೆ, ಮುಂದಿನದಕ್ಕೆ ಕಾಯುತ್ತ.