ತೋರಾ ಚಿಕ್ಕಮ್ಮನ ಓದು

ಹೋದ ಸಲದ ಜಾಹೀರಾತು ಚಿತ್ರಕ್ಕೆ ಜನ ಹೊಟ್ಟೆ ಹುಣ್ಣಾಗುವಂತೆ ನಕ್ಕಿದ್ದರು. ಆದರೆ ಕೊನೆಯ ಬರಹ ಮಿಂಚಿ ಮಾಯವಾದದ್ದರಿಂದ ಅದು ಯಾರ ಮೀನುಂಡೆಯ ಜಾಹೀರಾತೆಂದು ಯಾರಿಗೂ ತಿಳಿಯಲಿಲ್ಲ.

“ಇನ್ನೊಂದ್ಸಲ ನನ್ನ ಹೆಸರು ಓದಕ್ಕಾಗ್ದೇ ಹೋದ್ರೆ ಆ ಹುಡುಗೀನ ಕೆಲ್ಸದಿಂದ ತೆಗೀರಿ,” ಎಂದು ಮೀನುಂಡೆಯನ್ನು ಡಬ್ಬಿಗೆ ತುಂಬಿ ಮಾರುವ ಕಾರ್ಖಾನೆಯ ಯಜಮಾನ ಬ್ರೆಕ್ಕೆ ಸ್ಟುಡಿಯೋದವರಿಗೆ ಹೇಳಿ ಹೋಗಿದ್ದರು.

ಆ ಹುಡುಗಿ ಆಸ್ಟ್ರಿ. ಸ್ಟಾವಂಗರ್ ಎಂಬ ಬಂದರು ಪಟ್ಟಣದ ಪುಟ್ಟ ಸ್ಟುಡಿಯೋದಲ್ಲಿ ಮೂಕಿ ಚಿತ್ರಗಳಿಗೆ ಬರಹ ಬರೆಯುವುದು, ಅದು ಪರದೆಯ ಮೇಲೆ ಎಷ್ಟು ಹೊತ್ತು ನಿಲ್ಲಬೇಕೆಂದು ಅಳೆಯುವುದು ಅವಳ ಕೆಲಸ. ಗಡಿಯಾರ ಹಿಡಿದು ಎರಡು ಸಲ ಗಟ್ಟಿಯಾಗಿ ಓದಿದರೆ ಅದೇ ಅಳತೆ. ಅವಳ ಓದು ಬಲು ಚುರುಕು, ಎಡವಿದ್ದೇ ಅಲ್ಲಿ. ಈ ಸಲ ಸಾಲನ್ನು ಚೀಟಿಯಲ್ಲಿ ಬರೆದು ನಿಧಾನವಾಗಿ ಓದುವ ವಯಸ್ಸಾದ ತೋರಾ ಚಿಕ್ಕಮ್ಮನ ಕೈಗಿತ್ತಳು.

“ತಡಿಯೇ, ಕನ್ನಡಕ ಎಲ್ಲಿಟ್ಟೆ?”

ಗಡಿಯಾರ ಓಡುತ್ತಲೇ ಇತ್ತು. ಕನ್ನಡಕ ಹುಡುಕಿದ್ದು, ಒರೆಸಿದ್ದು ಎರಡನ್ನೂ ಆಸ್ಟ್ರಿ ಸೇರಿಸಿಕೊಂಡಳು. ಚಿತ್ರಮಂದಿರದಲ್ಲೂ ಯಾರಾದರೂ ಒರೆಸಿಕೊಳ್ಳಬಹುದಲ್ಲ!

ಭಾನುವಾರ ಮಧ್ಯಾಹ್ನ ಚಿತ್ರಮಂದಿರ ತುಂಬಿತ್ತು. ಪರದೆಯ ಮೇಲೆ ಮದುವೆಯೂಟದ ತಟ್ಟೆಯಿಂದ ಮೀನುಂಡೆಯೊಂದು ಉರುಳಿತು. ಮದುಮಗ ಅದರ ಬೆನ್ನುಹತ್ತಿ ಬೀದಿ ದಾಟಿ, ಬಂದರು ದಾಟಿ, ದೊಪ್ಪನೆ ನೀರಿಗೆ ಬಿದ್ದ. ಜನ ಬಿದ್ದು ಬಿದ್ದು ನಕ್ಕರು. ಆಮೇಲೆ ಬರಹ ಬಂತು:

“ಓಡಬೇಡಿ ಸ್ವಾಮಿ! ಬ್ರೆಕ್ಕೆ ಮೀನುಂಡೆ ಡಬ್ಬಿಯಲ್ಲೇ ಇವೆ.”

ಜನ ಓದಿದರು. ಬರಹ ಹೋಗಲಿಲ್ಲ. ಮತ್ತೆ ಓದಿದರು. ಹೋಗಲಿಲ್ಲ. ಪರದೆಯ ಪಕ್ಕದಲ್ಲಿ ಚಿತ್ರಕ್ಕೆ ಪಿಯಾನೋ ನುಡಿಸುತ್ತಿದ್ದವನು ಬೇರೇನೂ ತೋಚದೆ ಮದುವೆಯ ರಾಗವನ್ನೇ ಮತ್ತೆ ಹಿಡಿದ.

“ಗೊತ್ತಾಯ್ತು ಮಾರಾಯ್ರೇ, ಡಬ್ಬೀಲೇ ಇವೆ!” ಎಂದು ಹಿಂದಿನಿಂದ ಯಾರೋ ಕೂಗಿದರು. ಮೂರನೆಯ ಸಲ ಇಡೀ ಮಂದಿರ ಆ ಬರಹವನ್ನೇ ರಾಗಕ್ಕೆ ಕೂಡಿಸಿ ಹಾಡಿತು. ಮುಂದೆ ಕೂತಿದ್ದ ಬ್ರೆಕ್ಕೆಯವರ ಕಿವಿ ಕೆಂಪಾದದ್ದು ಆಸ್ಟ್ರಿಗೆ ಕಂಡಿತು. ಕೆಲಸ ಹೋಯಿತೆಂದೇ ಅಂದುಕೊಂಡಳು.

ಎಲ್ಲರೂ ದಣಿದು ಸುಮ್ಮನಾದ ಮೇಲೂ ಅವಳ ಪಕ್ಕದಲ್ಲಿ ಒಂದು ದನಿ ನಡೆದೇ ಇತ್ತು.

“ಬ್ರೆ... ಕ್ಕೆ... ಮೀನುಂಡೆ... ಡಬ್ಬಿ... ಯಲ್ಲೇ... ಇವೆ.”

ತೋರಾ ಚಿಕ್ಕಮ್ಮ ಮುಗಿಸಿದರು. ಬರಹವೂ ಆಗಲೇ ಮಾಯವಾಯಿತು. ಮಂದಿರದಲ್ಲಿ ಚಪ್ಪಾಳೆಯ ಸುರಿಮಳೆ.

ಬ್ರೆಕ್ಕೆ ತಿರುಗಿದರು. “ಯಾರಮ್ಮಾ ಇದನ್ನ ಅಳೆದಿದ್ದು?”

“ನಾನೇ, ಯಜಮಾನ್ರೇ. ಓದಿದ್ದು ಇವ್ರು.”

“ಊರೆಲ್ಲ ನನ್ನ ಹೆಸರು ಹಾಡ್ತಲ್ಲೇ! ಮುಂದಿನ ಚಿತ್ರಾನೂ ಈ ಅಜ್ಜಿ ಕೈಲೇ ಓದ್ಸು.”

ಚಿಕ್ಕಮ್ಮ ಕನ್ನಡಕ ಮಡಿಚುತ್ತ ಆಸ್ಟ್ರಿಯ ಕಿವಿಯಲ್ಲಿ ಗೊಣಗಿದರು: “ಇನ್ನೂ ಸ್ವಲ್ಪ ಹೊತ್ತು ನಿಲ್ಲಿಸ್ಬಾರ್ದಿತ್ತೇನೇ? ಕತ್ತಲಲ್ಲಿ ಕನ್ನಡಕ ಹುಡುಕೋದ್ರಲ್ಲೇ ಹೊತ್ತು ಹೋಯ್ತು, ಎರಡನೇ ಸಲ ಓದಕ್ಕೇ ಆಗ್ಲಿಲ್ಲ.”